ಸೀಟು ಸಿಕ್ಕಿದ ಮೇಲೆ ಏನಾಗುತ್ತೆ ಗೊತ್ತಾ?

ಮೀಸಲಾತಿ ಬಗ್ಗೆ ಇಲ್ಲಿ ಜಗಳ ಶುರುವಾದರೆ ಎಲ್ಲರೂ ಸೀಟಿನ ಹತ್ತಿರವೇ ನಿಂತುಬಿಡುತ್ತಾರೆ. ಯಾರಿಗೆ ಸಿಕ್ಕಿತು, ಎಷ್ಟು ಮಾರ್ಕ್ಸಿಗೆ ಸಿಕ್ಕಿತು. ಆಮೇಲೆ ಆ ಮಕ್ಕಳ ಪಾಡೇನು ಅಂತ ಕೇಳುವವರಿಲ್ಲ. ಪಿಎಚ್‌ಡಿ ಒಂದನ್ನೇ ನೋಡಿ. ಜಾತಿ ಅಲ್ಲಿ ಕೂತಷ್ಟು ಆರಾಮಾಗಿ ಕ್ಯಾಂಪಸ್ಸಿನ ಬೇರೆ ಯಾವ ಕಡೆಯೂ ಕೂತಿಲ್ಲ.

ಎಂಎ ಉತ್ತರಪತ್ರಿಕೆ ಮೇಲೆ ನಂಬರ್ ಇರುತ್ತದೆ, ಹೆಸರಿರುವುದಿಲ್ಲ. ಪಿಎಚ್‌ಡಿಯಲ್ಲಿ ಎಲ್ಲವೂ ಮುಖ ನೋಡಿಯೇ. ಸಂದರ್ಶನ, ಗೈಡ್ (ಸಂಶೋಧನೆಗೆ ದಾರಿ ತೋರಿಸುವ ಪ್ರೊಫೆಸರ್) ಹಂಚಿಕೆ, ಪ್ರಗತಿ ವರದಿ, ಕೊನೆಗೆ ವೈವಾ ಅನ್ನುವ ಬಾಯಿಮಾತಿನ ಪರೀಕ್ಷೆ. ಮೊದಲ ದಿನವೇ ಕೇಳುತ್ತಾರೆ, "ಯಾವೂರಪ್ಪಾ? ನೀವು ಯಾವ ಜನ?"

ಜೆಆರ್‌ಎಫ್ ಅಂದರೆ ಸಂಶೋಧನೆ ಮಾಡುವವರಿಗೆ ಸರ್ಕಾರ ಕೊಡುವ ಫೆಲೋಶಿಪ್, ಈಗ ತಿಂಗಳಿಗೆ 37,000 ರೂಪಾಯಿ. ಅದು ಬರಬೇಕಾದರೆ ಗೈಡ್ ಸಹಿ, ಮುಖ್ಯಸ್ಥರ ಸಹಿ, ಆಮೇಲೆ ಆಫೀಸಿನವರು ಪೋರ್ಟಲ್‌ನಲ್ಲಿ ದೃಢಪಡಿಸಬೇಕು. ಹಾಳೆ ಹಿಡಿದು ಬಾಗಿಲಲ್ಲಿ ನಿಂತ ಹುಡುಗಿಗೆ ಒಳಗಿಂದ ಬರುವ ಉತ್ತರ, "ನಾಳೆ ಬಾಮ್ಮ." ಹಿಂದೆ ದೆವ್ವ ಒಳಗೆ ಬರಬಾರದು ಅಂತ ಬಾಗಿಲ ಮೇಲೆ ಇದನ್ನೇ ಬರೆಯುತ್ತಿದ್ದರಲ್ವಾ! ಇತ್ತ ಮೆಸ್ ಬಿಲ್ಲು ಏರುತ್ತಿರುತ್ತದೆ. ಊರಲ್ಲಿ ಅಮ್ಮ ಈ ದುಡ್ಡನ್ನೇ ನಂಬಿ ಕೈಸಾಲ ಮಾಡಿರುತ್ತಾಳೆ.

ಹೈದರಾಬಾದ್ ಕೇಂದ್ರೀಯ ವಿಶ್ವವಿದ್ಯಾಲಯದ ಸಂಶೋಧನಾ ವಿದ್ಯಾರ್ಥಿ ರೋಹಿತ್ ವೇಮುಲ 2016ರ ಜನವರಿ 17ರಂದು ತೀರಿಕೊಂಡಾಗ ಬಿಟ್ಟುಹೋದ ಪತ್ರದಲ್ಲಿ ನಕ್ಷತ್ರಗಳ ಮಾತಿದೆ. ಎಲ್ಲರೂ ಅದನ್ನೇ ಹಂಚಿಕೊಳ್ಳುತ್ತಾರೆ. ನನ್ನ ಕಣ್ಣು ನಿಲ್ಲುವುದು ಬೇರೆ ಸಾಲಿನ ಮೇಲೆ. ಏಳು ತಿಂಗಳ ಫೆಲೋಶಿಪ್ ಬಾಕಿ ಇದೆ, ಒಂದು ಲಕ್ಷದ ಎಪ್ಪತ್ತೈದು ಸಾವಿರ, ಅದು ಮನೆಯವರಿಗೆ ಸಿಗುವ ಹಾಗೆ ನೋಡಿ ಅಂತ ಬರೆದಿದ್ದ.

"ಗೈಡ್ ಕಾಟ ಎಲ್ಲ ಜಾತಿಯವರಿಗೂ ಇದೆ" ಅಂತೀರಿ. ಇದೆ, ಒಪ್ಪಿದೆ. ಆದರೆ ಕೆಲವರಿಗೆ ಫೋನ್ ಮಾಡಿ ಹೇಳಿಸೋಕೆ ಒಬ್ಬ ಮಾವ ಇರುತ್ತಾನೆ, ಇಲ್ಲವೇ ಮಠ, ಸಂಘದ ಹಿರಿಯರು. ಮನೆಯಲ್ಲಿ ಮೊದಲ ಸಲ ಡಿಗ್ರಿ ಕಂಡವಳಿಗೆ ಯಾರಿದ್ದಾರೆ?

ದೂರು ಕೊಡಬಹುದಲ್ಲ ಅನ್ನುವವರೂ ಇದ್ದಾರೆ. ತಾರತಮ್ಯದ ದೂರು ಕೇಳೋಕೆ ಒಬ್ಬ ಅಧಿಕಾರಿ ಇರಲಿ ಅಂತ ವಿಶ್ವವಿದ್ಯಾಲಯಗಳ ಮೇಲೆ ಕಣ್ಣಿಡುವ ಕೇಂದ್ರದ ಆಯೋಗ ಯುಜಿಸಿ 2012ರಲ್ಲೇ ನಿಯಮ ಮಾಡಿತು. ವಿಶ್ವವಿದ್ಯಾಲಯದಲ್ಲಿ ಆ ಅಧಿಕಾರಿಯೂ ಒಬ್ಬ ಪ್ರೊಫೆಸರ್ರೇ, ಗೈಡ್ ಜೊತೆ ದಿನಾ ಕ್ಯಾಂಟೀನಲ್ಲಿ ಕಾಫಿ ಕುಡಿಯುವವರು. ದೂರು ಕೊಟ್ಟವಳನ್ನು ಆಮೇಲೆ ಬೇರೆ ಯಾವ ಗೈಡ್ ತಗೋತಾರೆ?

ಸುಮ್ನೆ ಸಮಿತಿ ಮಾಡಿದರೆ ಸಾಲದು. ತಿಂಗಳ ದುಡ್ಡಿಗೂ ಗೈಡ್ ಸಹಿಗೂ ಇರುವ ನಂಟು ಕಡಿಯಿರಿ, ಹಾಜರಾತಿ ದಾಖಲೆ ಸಾಕು. ಗೈಡ್ ಬದಲಿಸಿಕೊಳ್ಳೋಕೆ ಹಳೇ ಗೈಡ್‌ನ ಒಪ್ಪಿಗೆ ಪತ್ರ ಕೇಳುವುದನ್ನೂ ಬಿಡಿ. ಇದಕ್ಕೆ ಜಾಸ್ತಿ ಖರ್ಚೇನಿಲ್ಲ. ಒಂದು ಸುತ್ತೋಲೆ ಹೊರಡಿಸಿದರೆ ಆಯ್ತು.