ಸ್ಟೇ ತಂದ ಮೇಡಂನ ಬೈಯೋ ಮೊದಲು ಇದನ್ನ ಓದಿ

ನಿನ್ನೆ ರಾತ್ರಿ ನಮ್ಮ ಶಿಕ್ಷಕರ ವಾಟ್ಸಾಪ್ ಗ್ರೂಪಲ್ಲಿ, ಬಡ್ತಿಗೆ ಮಾಡಿದ ಜ್ಯೇಷ್ಠತಾ ಪಟ್ಟಿ (ಸೀನಿಯಾರಿಟಿ ಲಿಸ್ಟ್) ತಪ್ಪು ಅಂತ ಸ್ಟೇ, ಅಂದ್ರೆ ತಡೆಯಾಜ್ಞೆ ತಂದ ಒಬ್ಬ ಮೇಡಂಗೆ ಬಿದ್ದ ಮಾತುಗಳನ್ನ ನೋಡಿ ನಿದ್ದೆ ಹತ್ತಲಿಲ್ಲ. "ಇವರೊಬ್ಬರಿಂದ ಇಡೀ ಜಿಲ್ಲೆ ಬಡ್ತಿ ನಿಂತೋಯ್ತು" ಅಂತೆ, "ಸ್ವಾರ್ಥಿ" ಅಂತೆ. ಬರೆದವರು ಎಲ್ಲರೂ ಮೇಷ್ಟ್ರುಗಳೇ. ಉದ್ದ ಆಗುತ್ತೆ, ಆದ್ರೂ ಹೇಳ್ತೀನಿ.

ಆ ಮೇಡಂ ನನ್ನ ಬ್ಯಾಚು. ನೇಮಕಾತಿ ಆರ್ಡರ್ ಬಂದಾಗ ಅವರು ತುಂಬು ಬಸುರಿ, ಅನುಮತಿ ತಗೊಂಡು ಹನ್ನೊಂದು ದಿನ ತಡವಾಗಿ ಡ್ಯೂಟಿಗೆ ಸೇರಿದ್ರು. ಆಯ್ಕೆ ಪಟ್ಟಿಯಲ್ಲಿ ಅವರ ರ‍್ಯಾಂಕ್ ನನಗಿಂತ ಎಷ್ಟೋ ಮೇಲಿತ್ತು. ಒಂದೇ ಆಯ್ಕೆ ಪಟ್ಟಿಯಿಂದ ನೇರ ನೇಮಕ ಆದವರ ಜ್ಯೇಷ್ಠತೆ ಆ ಪಟ್ಟಿಯ ಮೆರಿಟ್ ಕ್ರಮದಲ್ಲೇ ಹೋಗಬೇಕು, ಯಾರು ಮೊದಲು ಬಂದು ಹಾಜರಿ ಪುಸ್ತಕಕ್ಕೆ ಸೈನ್ ಹಾಕಿದ್ರು ಅನ್ನೋದರ ಮೇಲಲ್ಲ. ಇದು 1957ರ ಜ್ಯೇಷ್ಠತಾ ನಿಯಮದಿಂದಲೂ ನಡ್ಕೊಂಡು ಬಂದಿರೋ ಮಾತು. ಆದ್ರೆ ಕಚೇರಿಯಲ್ಲಿ ಪಟ್ಟಿ ಮಾಡಿದವರು ಹಾಜರಾದ ದಿನಾಂಕ ಹಿಡ್ಕೊಂಡು ಸಾಲಾಗಿ ಜೋಡಿಸಿಬಿಟ್ರು, ಮೇಡಂ ಹೆಸರು ನೂರಕ್ಕೂ ಹೆಚ್ಚು ಹೆಸರಿನ ಕೆಳಗೆ ಹೋಯ್ತು.

ತಾತ್ಕಾಲಿಕ ಪಟ್ಟಿ ಬಂದಾಗ ಆಕ್ಷೇಪಣೆ ಕೊಡೋಕೆ ಏಳು ದಿನ ಟೈಮ್ ಕೊಟ್ಟಿದ್ರು, ಅದರಲ್ಲಿ ಎರಡು ದಿನ ರಜೆ. ಮೇಡಂ ಸೇವಾ ಪುಸ್ತಕದ ಜೆರಾಕ್ಸ್, ಆಯ್ಕೆ ಪಟ್ಟಿ ಪುಟ, ಅನುಮತಿ ಪತ್ರ ಎಲ್ಲಾ ಪಿನ್ ಹೊಡೆದು ತಗೊಂಡು ಹೋಗಿದ್ರು, ಜೊತೆಗೆ ನಾನೂ ಇದ್ದೆ. ಅರ್ಜಿ ತಗೊಂಡ್ರು, ಸ್ವೀಕೃತಿ ಸೀಲು ಕೇಳಿದ್ರೆ "ನಾಳೆ ಬನ್ನಿ" ಅಂದ್ರು. ಮೂರು ಸಲ ಹೋದ್ವಿ. ಅಂತಿಮ ಪಟ್ಟಿಯಲ್ಲಿ ಅದೇ ನಂಬರು, ಅದೇ ಜಾಗ, ಹಿಂಬರಹನೂ (ಅರ್ಜಿಗೆ ಕಚೇರಿ ಕೊಡೋ ಲಿಖಿತ ಉತ್ತರ) ಇಲ್ಲ. ಇನ್ನೇನು ಮಾಡಬೇಕಿತ್ತು ಅವರು? ಕೆಎಟಿಗೆ (ಕರ್ನಾಟಕ ಆಡಳಿತ ನ್ಯಾಯಮಂಡಳಿ) ಹೋದ್ರು, ತಡೆಯಾಜ್ಞೆ ಸಿಕ್ತು. ನಮ್ಮ ಸರ್ವೀಸ್ ಮ್ಯಾಟರ್‌ಗೆ ಮೊದಲು ಹತ್ತಬೇಕಾದ ಮೆಟ್ಟಿಲೇ ಅದು, ಅಲ್ಲಿ ಸೋತವರು ಹೈಕೋರ್ಟಿಗೆ ಹೋಗ್ತಾರೆ. ಪ್ರತಿ ಹಿಯರಿಂಗಿಗೂ ವಕೀಲರ ಫೀಸು, ರಾತ್ರಿ ಬಸ್ಸು, ಒಂದು ಸಿಎಲ್ಲು (ಸಾಂದರ್ಭಿಕ ರಜೆ). ಯಾರಾದ್ರೂ ಖುಷಿಗೆ ಹೋಗ್ತಾರಾ ಹೇಳಿ?

ಬಡ್ತಿ ನಿಲ್ಲಿಸಿದ್ದು ಮೇಡಂ ಅಲ್ಲ, ತಪ್ಪು ಪಟ್ಟಿ. ಇದನ್ನ ನಾನು ಎಲ್ಲಿ ಬೇಕಾದ್ರೂ ನಿಂತು ಹೇಳ್ತೀನಿ.

ಇನ್ನು ನಮ್ಮೆಲ್ಲರ ಕಥೆಗೆ ಬರ್ತೀನಿ. ನಮ್ಮ ನೇಮಕಾತಿ ಆದೇಶದಲ್ಲಿ ಏನಿತ್ತು? 1ರಿಂದ 7ನೇ ತರಗತಿ. ಅದನ್ನ ನಂಬಿ ಟಿಸಿಎಚ್ (ಪಿಯುಸಿ ಆದ್ಮೇಲೆ ಮಾಡೋ ಶಿಕ್ಷಕರ ತರಬೇತಿ) ಮೇಲೆ ಕೆಲಸಕ್ಕೆ ಸೇರಿದವರು ಆಮೇಲೆ ಸಂಜೆ ಹೊತ್ತು ಓದ್ಕೊಂಡು, ಮೈಸೂರು ಮುಕ್ತ ವಿವಿಯ ಪರೀಕ್ಷೆ ಬರ್ಕೊಂಡು ಬಿಎ ಮಾಡಿದ್ವಿ, ಬಿಎಡ್ ಮಾಡಿದ್ವಿ. 2017ರ ವೃಂದ (ಕೇಡರ್) ಮತ್ತು ನೇಮಕಾತಿ ನಿಯಮ ಬಂದು ನೀವೆಲ್ಲ ಪಿಎಸ್‌ಟಿ (ಪ್ರಾಥಮಿಕ ಶಾಲಾ ಶಿಕ್ಷಕರು), ನಿಮ್ಮದು 1ರಿಂದ 5 ಮಾತ್ರ, 6ರಿಂದ 8ಕ್ಕೆ ಜಿಪಿಟಿ (ಪದವೀಧರ ಪ್ರಾಥಮಿಕ ಶಿಕ್ಷಕರು) ಅಂತ ಬೇರೆ ವೃಂದ ಅಂತು. ಕಾಗದದಲ್ಲಿ ಐದನೇ ಕ್ಲಾಸಿಗೆ ಇಳಿಸಿದ್ರೂ ಶಾಲೆಯಲ್ಲಿ ಏಳನೇ ಕ್ಲಾಸಿಗೆ ವಿಜ್ಞಾನ ಹೇಳ್ಕೊಡ್ತಾ ಇರೋದು ಇವತ್ತಿಗೂ ನಾನೇ, ಯಾಕಂದ್ರೆ ನಮ್ಮಲ್ಲಿ ಜಿಪಿಟಿ ಪೋಸ್ಟು ಖಾಲಿ. 2022ರಲ್ಲಿ 15,000 ಜಿಪಿಟಿ ಹುದ್ದೆ ಕರೆದ್ರು. ಹೊಸದಾಗಿ ಬಂದ ಹುಡುಗ ಹುಡುಗಿಯರ ಮೇಲೆ ನನಗೆ ಒಂದು ಚೂರೂ ಸಿಟ್ಟಿಲ್ಲ, ಪರೀಕ್ಷೆ ಬರೆದು ಬಂದಿದಾರೆ, ಚೆನ್ನಾಗಿ ಪಾಠ ಮಾಡ್ತಾರೆ. ಆದ್ರೆ ಅದೇ ಬಿಎ ಬಿಎಡ್ ಇಟ್ಕೊಂಡು ಇಪ್ಪತ್ತು ವರ್ಷ ಅದೇ ತರಗತಿಗೆ ಪಾಠ ಮಾಡಿದವರು ಅವರಿಗಿಂತ ಕೆಳಗಿನ ವೃಂದದಲ್ಲಿ ಕೂತಿದಾರಲ್ಲ, ಅದು ನ್ಯಾಯನಾ? ನಿಯಮ ಬದಲಾಯಿಸೋ ಅಧಿಕಾರ ಸರ್ಕಾರಕ್ಕಿದೆ, ಒಪ್ತೀನಿ, ಮುಂದೆ ಸೇರೋರಿಗೆ ಅನ್ವಯ ಮಾಡಿ, ಹಿಂದೆ ಸೇರಿದವರ ತಲೆ ಮೇಲೆ ಹಾಕಬೇಡಿ. 2024ರ ಆಗಸ್ಟ್ 12ರಂದು ಬೆಂಗಳೂರಿನ ಫ್ರೀಡಂ ಪಾರ್ಕಲ್ಲಿ ಹೋರಾಟಕ್ಕೆ ಸೇರಿದ ನಮ್ಮ ಜನ ಕೇಳಿದ್ದೂ ಇದನ್ನೇ.

ಇದು ಸಾಲದು ಅಂತ 2025ರ ಸೆಪ್ಟೆಂಬರ್ 1ರ ಸುಪ್ರೀಂ ಕೋರ್ಟ್ ತೀರ್ಪು. ನಿವೃತ್ತಿಗೆ ಐದು ವರ್ಷಕ್ಕಿಂತ ಜಾಸ್ತಿ ಇರೋರು ಎರಡು ವರ್ಷದೊಳಗೆ ಟಿಇಟಿ (ಶಿಕ್ಷಕರ ಅರ್ಹತಾ ಪರೀಕ್ಷೆ) ಪಾಸಾಗಬೇಕು, ಕಮ್ಮಿ ಇರೋರು ಕೆಲಸದಲ್ಲಿ ಮುಂದುವರೀಬಹುದು ಆದ್ರೆ ಟಿಇಟಿ ಇಲ್ಲದೆ ಬಡ್ತಿ ಇಲ್ಲ. ಮಕ್ಕಳಿಗೆ ಒಳ್ಳೆ ಶಿಕ್ಷಕರು ಸಿಗಲಿ ಅನ್ನೋದಕ್ಕೆ ನನ್ನ ತಕರಾರಿಲ್ಲ, ನಾನೂ ಓದ್ತಿದೀನಿ. ಆದ್ರೆ ಐವತ್ತಾರು ವರ್ಷದ ನಮ್ಮ ಪ್ರಭಾರ ಹೆಡ್‌ಮಾಸ್ತರು, ವರ್ಷಗಟ್ಟಲೆ ಬಿಸಿಯೂಟದ ಲೆಕ್ಕ, ಎಸ್‌ಡಿಎಂಸಿ (ಶಾಲಾಭಿವೃದ್ಧಿ ಸಮಿತಿ) ಮೀಟಿಂಗು, ಕಟ್ಟಡದ ಬಿಲ್ಲು ಎಲ್ಲಾ ಒಬ್ಬರೇ ನೋಡ್ಕೊಂಡು ಬಂದೋರು, ಪಟ್ಟಿಯಲ್ಲಿ ಅವರ ಸರದಿ ಬರೋ ಹೊತ್ತಿಗೆ ಹಿಂಗಾಯ್ತು. ಪಟ್ಟಿ ಸರಿಯಾಗಿ, ಟೈಮಿಗೆ ಆಗಿದ್ರೆ ಅವರು ಎಂದೋ ಹೆಡ್‌ಮಾಸ್ತರ ಆಗಿರ್ತಿದ್ರು. ಟೈಮ್‌ಬೌಂಡ್ (ಇಷ್ಟು ವರ್ಷ ಸೇವೆ ಆದ್ಮೇಲೆ ಸಿಗೋ ಕಾಲಬದ್ಧ ವೇತನ ಬಡ್ತಿ) ಸಿಕ್ಕಿದೆಯಲ್ಲ ಅಂತೀರಾ? ಸಂಬಳದಲ್ಲಿ ಒಂದಿಷ್ಟು ಸೇರುತ್ತೆ, ಆ ಕುರ್ಚಿ ಸಿಗಲ್ಲ.

ನಾನು ಕೇಳೋದು ದೊಡ್ಡದೇನಲ್ಲ. ವರ್ಷಕ್ಕೊಂದು ಸಲ ಜ್ಯೇಷ್ಠತಾ ಪಟ್ಟಿ ಹಾಕಿ, ಆಕ್ಷೇಪಣೆಗೆ ಸೀಲು ಹಾಕ್ಕೊಡಿ, ಒಪ್ಪಿದ್ರೂ ಒಪ್ಪದಿದ್ರೂ ಕಾರಣ ಬರೆದು ಹಿಂಬರಹ ಕೊಡಿ. ಅರ್ಧ ಕೇಸು ಕೋರ್ಟಿಗೇ ಹೋಗಲ್ಲ.

ಮೇಡಂ ನಿನ್ನೆ ಹನ್ನೊಂದು ಗಂಟೆಗೆ ಗ್ರೂಪಿಂದ ಎಕ್ಸಿಟ್ ಆದ್ರು. ಅಡ್ಮಿನ್ ಸರ್, ಅವರನ್ನ ವಾಪಸ್ ಸೇರಿಸಿ. ಆ ಮಾತು ಬರೆದವರು ಡಿಲೀಟ್ ಮಾಡಿದ್ರೆ ಸಾಲದು, ಅವರಿಗೆ ಫೋನ್ ಮಾಡಿ.