ಏನು ಬರೆದಿತ್ತು?

ದಿನವಿಡೀ ಮೂಗಿನ ಮೇಲೆ ತಪಸ್ಸಿಗೆ ಕುಳಿತಿರುವ ಇವರ ಕನ್ನಡಕ, ರಾತ್ರಿ ನಾನು ಟಿವಿಯಲ್ಲಿ ‘ಗ್ರಿಮ್’ ಹಾಕಿದ ಕೂಡಲೇ ಕಾಲು ಬಂದಂತೆ ಎಲ್ಲಿಗೋ ಹೊರಟುಹೋಗುತ್ತದೆ. ನಿನ್ನೆ ರಾತ್ರಿಯ ಸಿಟ್ಟು ನನಗಿನ್ನೂ ಇಳಿದಿಲ್ಲ.

ನೋಡದವರಿಗೆ ಎರಡು ಮಾತು. ಅಮೆರಿಕದ ಪೋರ್ಟ್‌ಲ್ಯಾಂಡಿನ ಪೊಲೀಸ್ ಪತ್ತೇದಾರ ನಿಕ್‌ಗೆ ಇದ್ದಕ್ಕಿದ್ದಂತೆ ಕೆಲವರ ಮುಖದ ಹಿಂದೆ ಅಡಗಿರುವ ಮೃಗ ಕಾಣತೊಡಗುತ್ತದೆ. ಜರ್ಮನಿಯ ಜನಪದ ಕಥೆಗಳನ್ನು ಸಂಗ್ರಹಿಸಿದ ಗ್ರಿಮ್ ಸಹೋದರರು ಬರೆದಿಟ್ಟದ್ದು ಅಡುಗೂಲಜ್ಜಿಯ ಕಥೆಯಲ್ಲ, ನಡೆದ ಸಂಗತಿ ಎಂದು ಗೊತ್ತಾಗುತ್ತದೆ. ಅವನೂ ಅದೇ ವಂಶದವನು. 2011ರಿಂದ 2017ರವರೆಗೆ ಪ್ರಸಾರವಾದ ಧಾರಾವಾಹಿ. ಒಟ್ಟು 123 ಕಂತು. ಪ್ರತಿ ಕಂತಿನ ಆರಂಭದಲ್ಲಿ ಹಳೆಯ ಕಥೆಯದೋ ಕಾವ್ಯದ್ದೋ ಒಂದು ಸಾಲು ಪರದೆಯ ಮೇಲೆ ಮೂಡಿ ಮಾಯವಾಗುತ್ತದೆ. ಅರ್ಧ ಸುಳಿವು ಅದರಲ್ಲೇ ಇರುತ್ತದೆ.

ಅದು ಮಾಯವಾದ ಮರುಗಳಿಗೆಗೆ ಇವರು ಬಾಗಿಲಲ್ಲಿ ಪ್ರತ್ಯಕ್ಷ. “ಏನು ಬರೆದಿತ್ತು?”

ನಾನು ಹೇಳಿದರೆ ಆಗುವುದಿಲ್ಲ. “ನೀನು ಸಾರಾಂಶ ಹೇಳುತ್ತೀಯ. ಹಿಂದಕ್ಕೆ ಹಾಕು.” ಹಾಕುತ್ತೇನೆ. ಅಷ್ಟರಲ್ಲಿ ಕನ್ನಡಕ ಹುಡುಕಲು ಹೋಗಿರುತ್ತಾರೆ. ಸಾಲು ಬರುತ್ತದೆ, ಹೋಗುತ್ತದೆ, ಇವರು ಬರುತ್ತಾರೆ. “ಏನು ಬರೆದಿತ್ತು?” ಮೊದಲ ಕಂತು ಕೆಂಪು ಟೋಪಿಯ ಹುಡುಗಿ ಮತ್ತು ತೋಳದ ಕಥೆಯದು; ಹುಡುಗಿ ಕಾಡಿನೊಳಕ್ಕೆ ಓಡುವುದನ್ನು ಆರು ಸಲ ನೋಡಿದ್ದೇನೆ. ತೋಳಕ್ಕೂ ಇಷ್ಟು ಕಾಯುವ ಸಹನೆ ಇರಲಾರದು.

ಕಡೆಗೂ ಓದಿದರು ಎನ್ನಿ. ಆಮೇಲೆ ತೀರ್ಪು! ಅದೇ ಕಂತಿನಲ್ಲಿ, ಒಂಟಿಯಾಗಿರುವ ಗಡಿಯಾರ ರಿಪೇರಿಯವನನ್ನು ಕಂಡದ್ದೇ “ಇವನೇ” ಎಂದು ಘೋಷಿಸಿ ನಿದ್ರೆಗೆ ಜಾರಿದರು. ಪಾಪ, ಆ ಮನ್ರೋ ತೋಳದ ಕುಲದವನಾದರೂ ಮಾಂಸ ಬಿಟ್ಟವನು. ಪುಟ್ಟ ಹುಡುಗಿಯನ್ನು ಅಪಹರಿಸಿದವನು ಬೇರೆ. ಕೊನೆಯಲ್ಲಿ ಗೊರಕೆ ನಿಂತು ಪ್ರಶ್ನೆ ಬಂತು: “ತೋಳ ಸಿಕ್ಕಿತಾ?”

“ಸಿಕ್ಕಿತು. ಪೋಸ್ಟ್‌ಮ್ಯಾನ್.”

“ನಮ್ಮ ಪೋಸ್ಟ್‌ಮ್ಯಾನಾ? ಒಳ್ಳೆಯ ಮನುಷ್ಯನಾಗಿದ್ದನಲ್ಲ!”

ಮಗಳು ಚಿಕ್ಕವಳಿದ್ದಾಗಲೂ ಹೀಗೇ. ಕಥೆ ಹೇಳಲು ಕುಳಿತವರು ಹುಡುಗಿ ಕಾಡಿನ ದಾರಿ ಹಿಡಿಯುವ ಮೊದಲೇ ತೂಕಡಿಸುತ್ತಿದ್ದರು. ಅವಳು ಪುಟ್ಟ ಬೆರಳುಗಳಿಂದ ಅಪ್ಪನ ರೆಪ್ಪೆ ಬಿಡಿಸಿ, “ತೋಳ ಬಂತಾ ಅಪ್ಪಾ?” ಎಂದು ಒಳಗೆ ಇಣುಕುತ್ತಿದ್ದಳು, ತೋಳ ಅಲ್ಲೇ ಇದೆಯೇನೋ ಎಂಬಂತೆ. ಈಗ ವಾರಕ್ಕೊಮ್ಮೆ ಫೋನ್ ಮಾಡುತ್ತಾಳೆ, ಅದೂ ಅವಸರದಲ್ಲಿ. ರೆಪ್ಪೆ ಬಿಡಿಸುವವರಿಲ್ಲದ್ದರಿಂದ ಗೊರಕೆ ನಿರಾತಂಕ.

ನಿನ್ನೆ ಎರಡನೆಯ ಕಂತು. ಕರಡಿಗಳ ಮನೆಗೆ ನುಗ್ಗುವ ಹುಡುಗಿಯ ಕಥೆ. (ಅದು ಗ್ರಿಮ್ ಸಹೋದರರದ್ದಲ್ಲ, ಇಂಗ್ಲೆಂಡಿನದು, ಹೇಳಹೊರಟರೆ ಕೇಳುವವರು ಕನ್ನಡಕದ ಬೇಟೆಯಲ್ಲಿದ್ದರು.) ಮೂರು ಸಲ ಹಿಂದಕ್ಕೆ ಹಾಕಿದೆ. ನಾಲ್ಕನೆಯ ಸಲ ರೋಸಿಹೋಗಿ, ರಿಮೋಟನ್ನು ಅವರ ಕೈಗೇ ಕೊಡೋಣವೆಂದು ಸೋಫಾದಲ್ಲಿ ಸ್ವಲ್ಪ ವಾಲಿದೆ.

ಚಟ್.

ಕೆಳಗೆ ಕೈ ಹಾಕಿದೆ. ಒಂದು ಕಡ್ಡಿ ಬೇರೆ, ಉಳಿದದ್ದು ಬೇರೆ. ಒಂದು ಗಂಟೆಯಿಂದ ಸಾಕ್ಷ್ಯದ ಮೇಲೆ ನಾನೇ ಕುಳಿತಿದ್ದೆ! ಇವರು ಮಾತಾಡಲಿಲ್ಲ, ಸುಮ್ಮನೆ ನನ್ನ ಮುಖವನ್ನೇ ನೋಡಿದರು, ಥೇಟ್ ನಿಕ್ ನೋಡುವಂತೆ. ಕರಡಿ ಕಂಡಿತೋ, ಇನ್ನೇನು ಕಂಡಿತೋ.

ಆಮೇಲೆ ಒಂಟಿ ಕಡ್ಡಿಯ ಕನ್ನಡಕವನ್ನು ಮೂಗಿನ ಮೇಲೆ ಬೆರಳಿನಿಂದ ಒತ್ತಿ ಹಿಡಿದುಕೊಂಡು ಪಕ್ಕದಲ್ಲಿ ಕುಳಿತರು.

“ಈಗ ಹಿಂದಕ್ಕೆ ಹಾಕು. ಏನು ಬರೆದಿದೆ, ನೋಡೇಬಿಡೋಣ.”