ಕೌಂಟರ್ ಹಿಂದೆ ಕೂತಿದ್ದ ಎಸ್ಟೆಲ್ ಆಕ್ಸ್‌ಟನ್

ಅಮೆರಿಕದ ಕಪ್ಪು ಜನರ ಸೋಲ್ ಸಂಗೀತದ ಬಗ್ಗೆ ಯಾರೇ ಬರೆಯಲಿ, ಎಸ್ಟೆಲ್ ಆಕ್ಸ್‌ಟನ್ ಹೆಸರು ಬರುವುದು ಒಂದೇ ಕಾರಣಕ್ಕೆ. ಮುಂದೆ ಸ್ಟ್ಯಾಕ್ಸ್ ಅಂತ ಹೆಸರಾದ ತಮ್ಮನ ರೆಕಾರ್ಡ್ ಕಂಪನಿಗಾಗಿ ಮನೆ ಅಡವಿಟ್ಟ ಅಕ್ಕ ಅಂತ. ಅದು ಸುಳ್ಳಲ್ಲ. ಆದರೆ ಅಷ್ಟಕ್ಕೇ ನಿಲ್ಲಿಸುವುದು ನನಗೆ ಸುತರಾಂ ಒಪ್ಪಿಗೆಯಿಲ್ಲ. ನಮ್ಮಲ್ಲೂ ಹೀಗೇ ಅಲ್ವಾ? ಗಂಡನ ಅಂಗಡಿಗೆ ಒಡವೆ ಬಿಚ್ಚಿಕೊಟ್ಟ ಹೆಂಗಸಿನ ಕಥೆಯನ್ನು ಬಳೆ ಎಷ್ಟು, ಸರ ಎಷ್ಟು ಅಂತ ಲೆಕ್ಕ ಸಮೇತ ಹೇಳುತ್ತಾರೆ. ಆಮೇಲೆ ವರ್ಷಗಟ್ಟಲೆ ಅದೇ ಅಂಗಡಿಯ ಗಲ್ಲಾದಲ್ಲಿ ಕೂತು ವ್ಯಾಪಾರ ನಡೆಸಿದ್ದು ಅವಳೇ ಅನ್ನುವುದನ್ನು ಯಾರೂ ಹೇಳುವುದಿಲ್ಲ.

ಎಸ್ಟೆಲ್ ಹುಟ್ಟಿದ್ದು 1918ರಲ್ಲಿ, ಟೆನೆಸಿ ರಾಜ್ಯದ ಮಿಡ್ಲ್‌ಟನ್ ಅನ್ನುವ ಸಣ್ಣ ಊರಲ್ಲಿ. ಸ್ವಲ್ಪ ಕಾಲ ಶಾಲೆಯಲ್ಲಿ ಪಾಠ ಹೇಳಿದರು. ಮದುವೆಯಾಯಿತು, ಇಬ್ಬರು ಮಕ್ಕಳಾದರು. ಮೆಂಫಿಸ್‌ನ ಯೂನಿಯನ್ ಪ್ಲಾಂಟರ್ಸ್ ಬ್ಯಾಂಕಿನಲ್ಲಿ ಕೆಲಸ. ಅವರಿಗಿಂತ 12 ವರ್ಷ ಚಿಕ್ಕವನಾದ ತಮ್ಮ ಜಿಮ್ ಸ್ಟೀವರ್ಟ್ ಕೂಡ ಬ್ಯಾಂಕಿನವನೇ. ಆದರೆ ಅವನಿಗೆ ಪಿಟೀಲಿನ ಹುಚ್ಚು, ಕಂಟ್ರಿ ಸಂಗೀತದ ಹುಚ್ಚು. 1957ರಲ್ಲಿ ಸ್ಯಾಟಲೈಟ್ ಅನ್ನುವ ಹೆಸರಲ್ಲಿ ಒಂದು ಲೇಬಲ್, ಅಂದರೆ ರೆಕಾರ್ಡ್ ಕಂಪನಿ, ಶುರುಮಾಡಿದ. ಕೈಯಲ್ಲಿ ಸರಿಯಾದ ಮೆಷಿನ್ ಇರಲಿಲ್ಲ. ಅಕ್ಕನ ಹತ್ತಿರ ಬಂದ. ಎಸ್ಟೆಲ್ ಗಂಡನನ್ನು ಒಪ್ಪಿಸಿ, ಮನೆಯ ಮೇಲೆ ಸಾಲ ಎತ್ತಿ, 2,500 ಡಾಲರ್ ಹೊಂದಿಸಿಕೊಟ್ಟರು. ಅದರಲ್ಲಿ ಆಂಪೆಕ್ಸ್ ಟೇಪ್ ರೆಕಾರ್ಡರ್ ಬಂತು. ಆಗ ಅವರಿಗೆ ನಲವತ್ತರ ಹತ್ತಿರ ವಯಸ್ಸು.

ಬರೆಯುವವರು ಸಾಮಾನ್ಯವಾಗಿ ಇಲ್ಲಿಂದ ತಮ್ಮನ ಕಡೆ ತಿರುಗಿಬಿಡುತ್ತಾರೆ. ನಾನು ಅಕ್ಕನ ಜೊತೆಗೇ ಇರುತ್ತೇನೆ.

1960ರಲ್ಲಿ ಇಬ್ಬರೂ ಸೇರಿ ಮೆಂಫಿಸ್‌ನ ಈಸ್ಟ್ ಮೆಕ್‌ಲೆಮೋರ್ ಅವೆನ್ಯೂದಲ್ಲಿ ಮುಚ್ಚಿಹೋಗಿದ್ದ ಕ್ಯಾಪಿಟಲ್ ಅನ್ನುವ ಸಿನಿಮಾ ಟಾಕೀಸನ್ನು ಬಾಡಿಗೆಗೆ ಹಿಡಿದರು. ಕುರ್ಚಿ ಕಿತ್ತು ಹಾಕಿ ಒಳಗಡೆ ಸ್ಟುಡಿಯೋ ಮಾಡಿದರು. ನೆಲ ಪರದೆಯ ಕಡೆಗೆ ಇಳಿಜಾರು ಇತ್ತು, ಅದನ್ನು ಹಾಗೇ ಬಿಟ್ಟರು. ಆ ಸ್ಟುಡಿಯೋದ ರೆಕಾರ್ಡುಗಳ ಸದ್ದಿನಲ್ಲಿರುವ ಆ ಭಾರ, ಆ ಗುಂಗು ಆ ಇಳಿಜಾರು ಹಾಲ್‌ನದ್ದು ಅಂತ ಕೇಳುವವರು ಇವತ್ತಿಗೂ ಹೇಳುತ್ತಾರೆ. ಇನ್ನು ಮುಂದುಗಡೆ, ಇಂಟರ್ವಲ್‌ನಲ್ಲಿ ಪಾಪ್‌ಕಾರ್ನ್, ಮಿಠಾಯಿ ಮಾರುತ್ತಿದ್ದ ಜಾಗ ಖಾಲಿ ಇತ್ತು. ಎಸ್ಟೆಲ್ ಅಲ್ಲಿ ರೆಕಾರ್ಡ್ ಅಂಗಡಿ ಇಟ್ಟರು. ಇದು ಅವರಿಗೆ ಹೊಸದಲ್ಲ. ಬ್ಯಾಂಕಿನಲ್ಲಿ ಜೊತೆಗಿದ್ದವರಿಗೆ ಬೇಕಾದ ರೆಕಾರ್ಡುಗಳನ್ನು ತಂದು ಮಾರಿ ಆಗಲೇ ಅಭ್ಯಾಸವಿತ್ತು. ಶುರುವಿನಲ್ಲಿ ಹಗಲು ಬ್ಯಾಂಕು, ಸಂಜೆ ಅಂಗಡಿ.

ಈ ಅಂಗಡಿಯನ್ನು ಸ್ಟುಡಿಯೋಗೆ ಅಂಟಿಕೊಂಡ ಒಂದು ಚಿಲ್ಲರೆ ವ್ಯಾಪಾರ ಅಂದುಕೊಂಡರೆ ಇಡೀ ಕಂಪನಿಯೇ ಅರ್ಥವಾಗುವುದಿಲ್ಲ. ಹೊಸ ಲೇಬಲ್‌ಗೆ ದುಡ್ಡು ಕೈಗೆ ಬರುವುದು ತಡ. ರೆಕಾರ್ಡು ಒತ್ತಿಸಿ, ಊರೂರಿಗೆ ಕಳಿಸಿ, ವಿತರಕರು ಕೊಟ್ಟಾಗ ಇಸಿದುಕೊಳ್ಳಬೇಕು. ಅಂಗಡಿಯಲ್ಲಿ ಹಾಗಲ್ಲ, ದಿನದ ದುಡ್ಡು ದಿನಕ್ಕೆ. ಆ ದುಡ್ಡಿಗಿಂತ ದೊಡ್ಡದು ಇನ್ನೊಂದಿತ್ತು. ಸುತ್ತಮುತ್ತಲಿನ ಕಪ್ಪು ಹುಡುಗ ಹುಡುಗಿಯರು ಬಂದು ಹೊಸ ಸಿಂಗಲ್‌ಗಳನ್ನು, ಅಂದರೆ ಬದಿಗೊಂದು ಹಾಡಿರುವ ಚಿಕ್ಕ ರೆಕಾರ್ಡುಗಳನ್ನು, ಹಾಕಿಸಿ ಕೇಳುತ್ತಿದ್ದರು. ಯಾವುದು ಹಾಕಿದಾಗ ಕಾಲು ಕುಣಿಯುತ್ತದೆ, ಯಾವುದಕ್ಕೆ ಜೇಬಿಗೆ ಕೈ ಹೋಗುತ್ತದೆ, ಯಾವುದನ್ನು ಅರ್ಧ ಕೇಳಿ ವಾಪಸ್ ಕೊಡುತ್ತಾರೆ, ಎಲ್ಲವನ್ನೂ ಎಸ್ಟೆಲ್ ಕೌಂಟರ್ ಹಿಂದೆ ನಿಂತು ನೋಡುತ್ತಿದ್ದರು. ಒಳಗಡೆ ಆಗತಾನೇ ರೆಕಾರ್ಡ್ ಆದ ಹಾಡನ್ನೂ ಗಿರಾಕಿಗಳಿಗೆ ಕೇಳಿಸುತ್ತಿದ್ದರು. ಅವರ ಮುಖ ನೋಡಿಕೊಂಡು ಒಳಗೆ ಹೋಗಿ ಹೀಗಿದೆ ಪರಿಸ್ಥಿತಿ ಅಂತ ಹೇಳುತ್ತಿದ್ದರು. ಗೋಡೆಯ ಈ ಕಡೆ ಗಿರಾಕಿ, ಆ ಕಡೆ ಹಾಡು ಕಟ್ಟುವವನು. ಮಧ್ಯದಲ್ಲಿ ಓಡಾಡುತ್ತಿದ್ದದ್ದು ಈಕೆಯೊಬ್ಬರೇ.

ಹಾಡು ಬರೆಯುವ ಹುಡುಗರಿಗೆ ಅದು ಪಾಠಶಾಲೆಯೂ ಆಗಿತ್ತು. ಡೆಟ್ರಾಯಿಟ್‌ನ ಮೋಟೌನ್ ಕಂಪನಿಯ ಹಿಟ್ ಒಂದು ಬಂದರೆ ಅದನ್ನು ಹಾಕಿ, ಜನ ಯಾಕೆ ಇದನ್ನು ಕೊಳ್ಳುತ್ತಿದ್ದಾರೆ ಅಂತ ಬಿಡಿಸಿ ಹೇಳುತ್ತಿದ್ದರು. ಎದುರಿನ ದಿನಸಿ ಅಂಗಡಿಯಲ್ಲಿ ಕೆಲಸಕ್ಕಿದ್ದ ಡೇವಿಡ್ ಪೋರ್ಟರ್ ಹೀಗೆ ಬಂದು ಕೂತು ಕಲಿತವನು. ಮುಂದೆ ಐಸಾಕ್ ಹೇಯ್ಸ್ ಜೊತೆ ಸೇರಿ ಸ್ಯಾಮ್ ಅಂಡ್ ಡೇವ್ ಅನ್ನುವ ಗಾಯಕ ಜೋಡಿಗೆ ಒಂದರ ಮೇಲೊಂದು ಹಿಟ್ ಬರೆದುಕೊಟ್ಟ. ಗಿಟಾರಿನ ಸ್ಟೀವ್ ಕ್ರಾಪರ್ ಇದೇ ಅಂಗಡಿಯ ಕೌಂಟರಿನಲ್ಲಿ ಕೆಲಸ ಮಾಡುತ್ತಿದ್ದ. ಆರ್ಗನ್ ನುಡಿಸಿದ ಬೂಕರ್ ಟಿ. ಜೋನ್ಸ್ ಹೈಸ್ಕೂಲ್ ಹುಡುಗನಾಗಿ ಇಲ್ಲಿ ನಿಂತು ರೆಕಾರ್ಡ್ ಕೇಳುತ್ತಿದ್ದ. ಈ ಇಬ್ಬರೂ ಇದ್ದ ಬ್ಯಾಂಡು 1962ರಲ್ಲಿ ‘ಗ್ರೀನ್ ಆನಿಯನ್ಸ್’ ಮಾಡಿತು. ಅದು ಇವತ್ತಿಗೂ ಹಳತಾಗಿಲ್ಲ.

ಅದು ಯಾವ ಕಾಲ, ಯಾವ ಊರು ಅನ್ನುವುದನ್ನು ಮರೆಯಬಾರದು. ಮೆಂಫಿಸ್‌ನಲ್ಲಿ ಬಿಳಿಯರು ಮತ್ತು ಕಪ್ಪು ಜನ ಒಂದೇ ಹೋಟೆಲಿನಲ್ಲಿ ಒಟ್ಟಿಗೆ ಕೂತು ಊಟ ಮಾಡುವ ಹಾಗಿರಲಿಲ್ಲ. ಆ ಟಾಕೀಸಿನೊಳಗೆ ಇಬ್ಬರೂ ಒಟ್ಟಿಗೆ ಕೂತು ಸಂಗೀತ ಮಾಡಿದರು. ಎಸ್ಟೆಲ್ ನಮ್ಮನ್ನು ಬಣ್ಣ ನೋಡಿ ನಡೆಸಿಕೊಳ್ಳಲಿಲ್ಲ, ನಮಗೆಲ್ಲ ತಾಯಿಯ ಹಾಗೆ ಇದ್ದರು ಅಂತ ಐಸಾಕ್ ಹೇಯ್ಸ್ ಹೇಳಿದ್ದಾರೆ. ಹೇಯ್ಸ್ ಮಾತಿನ ಪ್ರೀತಿ ನನಗೆ ಅರ್ಥವಾಗುತ್ತದೆ. ಆದರೆ ಬೇರೆಯವರು ಆ ‘ತಾಯಿ’ಯನ್ನೇ ಹಿಡಿದುಕೊಂಡಿದ್ದು ನನಗೆ ಬೇಸರ. ಆಕೆ ಕಂಪನಿಯಲ್ಲಿ ಪಾಲುದಾರರು. ಯಾವ ಹಾಡು ಬಿಡಬೇಕು, ಯಾವುದು ಬೇಡ ಅಂತ ಹೇಳುವ ಹಕ್ಕಿದ್ದವರು. ಆ ಹಕ್ಕನ್ನು ಜಗಳವಾಡಿಯೇ ಬಳಸಿದವರು.

ಒಂದು ಜಗಳವನ್ನಂತೂ ಹೇಳಲೇಬೇಕು. ಎಸ್ಟೆಲ್ ಮಗ ಚಾರ್ಲ್ಸ್, ಎಲ್ಲರ ಬಾಯಲ್ಲಿ ಪ್ಯಾಕಿ, ಸ್ಯಾಕ್ಸೋಫೋನ್ ನುಡಿಸುತ್ತಿದ್ದ. ಅವನು, ಕ್ರಾಪರ್ ಎಲ್ಲ ಇದ್ದ ಬ್ಯಾಂಡು ಮಾರ್-ಕೀಸ್. ಅವರು ‘ಲಾಸ್ಟ್ ನೈಟ್’ ಅನ್ನುವ ಒಂದು ವಾದ್ಯದ ತುಣುಕು ಮಾಡಿದ್ದರು. ಹಾಡುಗಾರ ಇಲ್ಲ, ಮಧ್ಯೆ ಮಧ್ಯೆ ಒಂದೆರಡು ಮಾತು ಅಷ್ಟೇ. ಅದನ್ನು ಬಿಡುಗಡೆ ಮಾಡುವುದಕ್ಕೆ ತಮ್ಮನಿಗೆ ಮನಸ್ಸಿರಲಿಲ್ಲ. ಅಂಗಡಿಯಲ್ಲಿ ಕೇಳಿದ ಹುಡುಗರು ಇದನ್ನು ಬಿಡುವುದಿಲ್ಲ ಅನ್ನುವುದು ಎಸ್ಟೆಲ್‌ಗೆ ಗೊತ್ತಿತ್ತು. ಕೂಗಾಡಿ, ಪಟ್ಟು ಹಿಡಿದು ಬಿಡುಗಡೆ ಮಾಡಿಸಿದರು. 1961ರಲ್ಲಿ ಅದು ದೇಶದ ಪಾಪ್ ಪಟ್ಟಿಯಲ್ಲಿ 3ನೇ ಜಾಗಕ್ಕೆ ಹೋಯಿತು. ಮಗನ ಮೇಲಿನ ಮಮತೆ ಅಂತ ಯಾರಾದರೂ ಹೇಳಬಹುದು. ಇರಲಿ. ಮಮತೆಗೆ ದೇಶದವರೆಲ್ಲ ದುಡ್ಡು ಕೊಟ್ಟು ರೆಕಾರ್ಡ್ ಕೊಳ್ಳುವುದಿಲ್ಲ.

ಅದೇ ವರ್ಷ ಸ್ಯಾಟಲೈಟ್ ಅನ್ನುವ ಹೆಸರಿನ ಬೇರೆ ಲೇಬಲ್ ಇದೆ ಅಂತ ತಿಳಿದು ಹೆಸರು ಬದಲಾಯಿಸಬೇಕಾಯಿತು. ಸ್ಟೀವರ್ಟ್‌ನ ಎರಡಕ್ಷರ, ಆಕ್ಸ್‌ಟನ್‌ನ ಎರಡಕ್ಷರ ಸೇರಿಸಿ ಇಂಗ್ಲಿಷಿನಲ್ಲಿ ಸ್ಟ್ಯಾಕ್ಸ್ ಆಯಿತು. ಆ ಲೇಬಲ್ ಅಂಟಿದ ಪ್ರತಿ ರೆಕಾರ್ಡಿನ ಮೇಲೂ ಎಸ್ಟೆಲ್ ಹೆಸರಿನ ಪಾಲಿದೆ.

ಮುಂದಿನ ಕೆಲವು ವರ್ಷ ಸುಗ್ಗಿ. ಓಟಿಸ್ ರೆಡ್ಡಿಂಗ್ ಇಲ್ಲಿಯೇ ಹಾಡಿ ದೊಡ್ಡವನಾದ. ಆಮೇಲೆ ಕೆಲವೇ ತಿಂಗಳಲ್ಲಿ ಎಲ್ಲ ಕುಸಿಯಿತು. 1967ರ ಡಿಸೆಂಬರ್ 10ರಂದು ವಿಸ್ಕಾನ್ಸಿನ್‌ನಲ್ಲಿ ವಿಮಾನ ಬಿದ್ದು ಓಟಿಸ್ ಸತ್ತ. ಜೊತೆಗೆ ಬಾರ್-ಕೇಸ್ ಬ್ಯಾಂಡಿನ ನಾಲ್ವರು ಹುಡುಗರೂ ಹೋದರು. 1968ರ ಏಪ್ರಿಲ್ 4ರಂದು ಮಾರ್ಟಿನ್ ಲೂಥರ್ ಕಿಂಗ್ ಅವರನ್ನು ಗುಂಡಿಟ್ಟು ಕೊಂದದ್ದು ಇದೇ ಮೆಂಫಿಸ್‌ನ ಲೊರೇನ್ ಮೋಟೆಲ್‌ನಲ್ಲಿ. ಸ್ಟ್ಯಾಕ್ಸ್‌ನವರು ಕೂತು ಹಾಡು ಬರೆಯುತ್ತಿದ್ದ ಜಾಗ ಅದು. ಇದರ ಮಧ್ಯೆ ಇನ್ನೊಂದು ಏಟು. ವಿತರಣೆ ನೋಡಿಕೊಳ್ಳುತ್ತಿದ್ದ ಅಟ್ಲಾಂಟಿಕ್ ಕಂಪನಿಯ ಜೊತೆ 1965ರಲ್ಲಿ ಒಂದು ಕರಾರು ಆಗಿತ್ತು. ಜಿಮ್ ಅದನ್ನು ಪೂರ್ತಿ ಓದದೆ ನಂಬಿಕೆಯ ಮೇಲೆ ಸಹಿ ಹಾಕಿದ್ದ. ಅಟ್ಲಾಂಟಿಕ್ ವಾರ್ನರ್ ಕಂಪನಿಗೆ ಮಾರಾಟವಾದ ಮೇಲೆ ಕರಾರು ಬಿಚ್ಚಿ ನೋಡಿದರೆ, ಅವರ ಮೂಲಕ ಹೊರಬಂದ ಅಷ್ಟೂ ಹಾಡುಗಳ ಮಾಸ್ಟರ್ ಟೇಪ್, ಅಂದರೆ ಮೂಲ ಧ್ವನಿಮುದ್ರಣದ ಮಾಲೀಕತ್ವ ಅಟ್ಲಾಂಟಿಕ್‌ನದ್ದೇ. ಓಟಿಸ್‌ನ ಹಾಡುಗಳೂ ಅದರಲ್ಲೇ. ಸ್ಯಾಮ್ ಅಂಡ್ ಡೇವ್ ಕೂಡ ಅಟ್ಲಾಂಟಿಕ್‌ನವರೇ ಆಗಿದ್ದರಿಂದ ಅವರೂ ಹೋದರು. ಎಂಟು ವರ್ಷದ ದುಡಿಮೆ ಒಂದು ಷರತ್ತಿನಲ್ಲಿ ಕೈಬಿಟ್ಟಿತು. ಮನೆ ಅಡವಿಟ್ಟಿದ್ದನ್ನು ನೂರು ಸಲ ಹೇಳುವವರು ಈ ನಷ್ಟದಲ್ಲಿ ಅಕ್ಕನ ಪಾಲೂ ಇತ್ತು ಅನ್ನುವುದನ್ನು ಹೇಳುವುದು ಕಡಿಮೆ.

1968ರಲ್ಲಿ ಕಂಪನಿಯನ್ನು ಗಲ್ಫ್ ಅಂಡ್ ವೆಸ್ಟರ್ನ್ ಅನ್ನುವ ದೊಡ್ಡ ಕಂಪನಿಗೆ ಮಾರಿದರು. ಅಷ್ಟರಲ್ಲಿ 1965ರಲ್ಲಿ ಸೇರಿದ್ದ ಅಲ್ ಬೆಲ್ ಆಡಳಿತ ಹಿಡಿದಿದ್ದರು. ಬೆಲ್ ಸಮರ್ಥರು. ಕಪ್ಪು ಜನರ ಸಂಗೀತದಿಂದ ಬೆಳೆದ ಕಂಪನಿಯನ್ನು ಕಪ್ಪು ವ್ಯಕ್ತಿಯೊಬ್ಬರು ನಡೆಸುವುದು ನ್ಯಾಯವೂ ಹೌದು. ಆದರೆ ಅವರಿಗೂ ಎಸ್ಟೆಲ್‌ಗೂ ಕೂಡಿಬರಲಿಲ್ಲ. ತಮ್ಮ ಜಿಮ್ ನಿಂತದ್ದು ಬೆಲ್ ಕಡೆ. 1969ರಲ್ಲಿ ಎಸ್ಟೆಲ್ ತಮ್ಮ ಪಾಲು ಮಾರಿ ಹೊರಬಂದರು. ಬೆಲ್ ತಪ್ಪು ಅಂತ ನಾನು ಹೇಳುವುದಿಲ್ಲ. ಆದರೆ ಮೂವರಲ್ಲಿ ಒಬ್ಬರು ಹೋಗಬೇಕು ಅಂದಾಗ ಅಂಗಡಿಯ ಹೆಂಗಸೇ ಹೋಗಲಿ ಅನ್ನುವುದು ಎಷ್ಟು ಸಲೀಸಾಗಿ ತೀರ್ಮಾನವಾಯಿತು ನೋಡಿ.

ಆಮೇಲಿನ ವರ್ಷಗಳು ಹಗುರವಾಗಿರಲಿಲ್ಲ. ಕುಡಿತ ಪ್ಯಾಕಿಯನ್ನು ತಿಂದಿತ್ತು. 1974ರಲ್ಲಿ, ಇನ್ನೂ 32ರ ವಯಸ್ಸಿನಲ್ಲಿ ತೀರಿಕೊಂಡ. ಸ್ಟ್ಯಾಕ್ಸ್ 1975ರ ಕೊನೆಗೆ ದಿವಾಳಿಯಾಯಿತು. ಎಸ್ಟೆಲ್ ಮಾತ್ರ ಮನೆ ಹಿಡಿದು ಕೂರಲಿಲ್ಲ. ಮೆಂಫಿಸ್‌ನ ಹಾಡು ಬರೆಯುವವರ ಸಂಘ ಕಟ್ಟಿದರು. ಫ್ರೆಟೋನ್ ಅನ್ನುವ ಸ್ವಂತ ಲೇಬಲ್ ಮಾಡಿದರು. 1976ರಲ್ಲಿ ರೇಡಿಯೋದ ರಿಕ್ ಡೀಸ್ ‘ಡಿಸ್ಕೋ ಡಕ್’ ಅನ್ನುವ ತಮಾಷೆ ಹಾಡು ಮಾಡಿದಾಗ ಮೊದಲು ಹೊರತಂದದ್ದು ಈ ಲೇಬಲ್ಲೇ. ಆಮೇಲೆ ದೊಡ್ಡ ಕಂಪನಿ ಅದನ್ನು ತೆಗೆದುಕೊಂಡಿತು, ಹಾಡು ದೇಶದಲ್ಲಿ ನಂಬರ್ ಒನ್ ಆಯಿತು. ಆ ಹಾಡು ನನಗೆ ಅಷ್ಟೇನೂ ಇಷ್ಟವಿಲ್ಲ. ಆದರೆ ಅಷ್ಟೆಲ್ಲ ಕಳೆದುಕೊಂಡ ಮೇಲೂ, 58ರ ವಯಸ್ಸಿನಲ್ಲೂ, ಜನ ಯಾವುದಕ್ಕೆ ಮುಗಿಬೀಳುತ್ತಾರೆ ಅನ್ನುವುದು ಅವರಿಗೆ ಗೊತ್ತಾಗುತ್ತಿತ್ತು. ಅದನ್ನು ಅದೃಷ್ಟ ಅನ್ನಬೇಡಿ. ‘ಲಾಸ್ಟ್ ನೈಟ್’ ಹೊತ್ತಿನಲ್ಲಿ ಇದ್ದದ್ದೂ ಅದೇ ಕಿವಿ.

ಹಳೆಯ ಟಾಕೀಸನ್ನು 1989ರಲ್ಲಿ ಕೆಡವಿದರು. ಅದೇ ಜಾಗದಲ್ಲಿ ಮತ್ತೆ ಕಟ್ಟಿದ ಸ್ಟ್ಯಾಕ್ಸ್ ಮ್ಯೂಸಿಯಂ 2003ರಲ್ಲಿ ತೆರೆಯಿತು. ಮರುವರ್ಷ ಫೆಬ್ರವರಿಯಲ್ಲಿ ಎಸ್ಟೆಲ್ ತೀರಿಕೊಂಡರು, 85 ವರ್ಷ. ಗ್ರ್ಯಾಮಿಯವರು ಟ್ರಸ್ಟೀಸ್ ಪ್ರಶಸ್ತಿ ಕೊಟ್ಟದ್ದು 2007ರಲ್ಲಿ. ಬದುಕಿದ್ದಾಗ ಕೊಡಬಹುದಿತ್ತು, ಕೊಡಬೇಕಿತ್ತು.

ಕೇಳದವರು ‘ಲಾಸ್ಟ್ ನೈಟ್’ನಿಂದ ಶುರುಮಾಡಿ. ಮೂರು ನಿಮಿಷವೂ ಇಲ್ಲ. ಇನ್ನು ನಮ್ಮ ಕನ್ನಡದ ಕ್ಯಾಸೆಟ್ ಕಂಪನಿಗಳಲ್ಲಿ, ಕ್ಯಾಸೆಟ್ ಅಂಗಡಿಗಳಲ್ಲಿ ಯಾವುದು ಓಡುತ್ತದೆ, ಯಾವುದು ಓಡುವುದಿಲ್ಲ ಅಂತ ತೀರ್ಮಾನ ಮಾಡುತ್ತಿದ್ದ ಹೆಂಗಸರು ಯಾರಾದರೂ ನಿಮಗೆ ಗೊತ್ತಿದ್ದರೆ, ದಯವಿಟ್ಟು ಅವರನ್ನು ಮಾತಾಡಿಸಿ ಬರೆದಿಡಿ. ಏನು ಕೊಟ್ಟರು ಅನ್ನುವುದರ ಜೊತೆಗೆ, ದಿನಾ ಏನು ಕೆಲಸ ಮಾಡುತ್ತಿದ್ದರು ಅಂತಲೂ ಕೇಳಿ.